ಲಾರ್ಡ್ ಆಫ್ ದ ರಿಂಗ್ಸ್‌ನಲ್ಲಿ ದೇವರ ಹೆಸರೇ ಇಲ್ಲ, ಮತ್ತೆ ಅದು ಕ್ರೈಸ್ತ ಕೃತಿ ಹೇಗಾಯ್ತು?

ಪ್ರಶ್ನೆ: ನಾನು ಲಾರ್ಡ್ ಆಫ್ ದ ರಿಂಗ್ಸ್ ಪೂರ್ತಿ ಎರಡು ಸಲ ಓದಿದೀನಿ. ಈಗ ನನ್ನ ಹನ್ನೊಂದು ವರ್ಷದ ಮಗಳು ನಾರ್ನಿಯಾ ಶುರು ಮಾಡಿದಾಳೆ. ಎರಡೂ ಕ್ರೈಸ್ತ ಪುಸ್ತಕಗಳು ಅಂತ ಎಲ್ಲರೂ ಹೇಳ್ತಾರೆ. ನಾರ್ನಿಯಾದಲ್ಲಿ ಸಿಂಹ ಸತ್ತು ಎದ್ದು ಬರತ್ತೆ, ಅದು ಯೇಸು ಅಂತ ನನಗೂ ಗೊತ್ತಾಯ್ತು. ಆದ್ರೆ ಟೋಲ್ಕೀನ್ ಪುಸ್ತಕದಲ್ಲಿ ಚರ್ಚ್ ಇಲ್ಲ, ಪಾದ್ರಿ ಇಲ್ಲ, ದೇವರ ಹೆಸರೇ ಇಲ್ಲ. ಎಲ್ಲಿದೆ ಅದರಲ್ಲಿ ಕ್ರೈಸ್ತ ಧರ್ಮ? ಇನ್ನೊಂದು, ನಾವು ಕ್ರೈಸ್ತರಲ್ಲ. ಇದೆಲ್ಲ ತಿಳೀದೆ ಓದಿದ್ರೆ ನಮಗೆ ಏನಾದ್ರೂ ತಪ್ಪಿಹೋಗತ್ತಾ?

ಉತ್ತರ: ನಿಮ್ಮ ಮೊದಲನೇ ಪ್ರಶ್ನೆಗೆ ಟೋಲ್ಕೀನೇ ಉತ್ತರ ಬರೆದಿಟ್ಟಿದಾರೆ. ಪುಸ್ತಕ ಅಚ್ಚಾಗಿ ಬಂದಿದ್ದು 1954-55ರಲ್ಲಿ, ಅದಕ್ಕೂ ಮುಂಚೆ 1953ರ ಡಿಸೆಂಬರಲ್ಲಿ ರಾಬರ್ಟ್ ಮರ್ರೆ ಅಂತ ಅವರ ಕುಟುಂಬದ ಸ್ನೇಹಿತರು, ಯೇಸುಸಭೆ ಅನ್ನೋ ಕ್ಯಾಥೊಲಿಕ್ ಸಂಘಕ್ಕೆ ಸೇರಿದವರು, ಕರಡು ಓದಿ ಒಂದು ಪತ್ರ ಬರೆದಿದ್ರು, ಅದಕ್ಕೆ ಬರೆದ ಉತ್ತರದಲ್ಲಿ ಟೋಲ್ಕೀನ್ ಹೇಳ್ತಾರೆ, ಇದು ಬುಡದಿಂದಲೇ ಧಾರ್ಮಿಕ ಕೃತಿ, ಕ್ಯಾಥೊಲಿಕ್ ಕೃತಿ, ಮೊದಮೊದಲು ನನಗೆ ಅರಿವಿಲ್ಲದ ಹಾಗೇ ಹಾಗಾಯ್ತು, ತಿದ್ದೋವಾಗ ಮಾತ್ರ ಗೊತ್ತಿದ್ದೇ ಮಾಡಿದೆ, ಅದಕ್ಕೇ ಪೂಜೆ ಆಚರಣೆ ಅನ್ನೋ ಥರದ್ದನ್ನೆಲ್ಲ ಹೆಚ್ಚುಕಮ್ಮಿ ಪೂರ್ತಿ ತೆಗೆದುಹಾಕಿದೀನಿ, ಧರ್ಮ ಕಥೆಯೊಳಗೇ ಇಂಗಿಹೋಗಿದೆ, ಅಂತ. ಅಂದ್ರೆ ಚರ್ಚ್ ಕಾಣಲಿಲ್ಲ ಅಂತ ನೀವು ಗಮನಿಸಿದ್ದು ಸರಿಯಾಗೇ ಇದೆ, ಬರೆದವರು ಬೇಕಂತಲೇ ತೆಗೆದಿದ್ದು ಅದು.

ಹಾಗಾದ್ರೆ ಇಂಗಿರೋದನ್ನ ಎಲ್ಲಿ ನೋಡೋದು? ಬಹಳ ಜನ ಮಾಡೋದೇನಂದ್ರೆ ಗುರುತು ಹುಡುಕೋದು. ಗ್ಯಾಂಡಾಲ್ಫ್ ಸತ್ತು ವಾಪಸ್ ಬಂದ, ಹಾಗಾಗಿ ಅವನು ಕ್ರಿಸ್ತ. ಫ್ರೋಡೋ ಭಾರ ಹೊತ್ತ, ಅವನೂ ಕ್ರಿಸ್ತ. ಅರಗಾರ್ನ್ ಮರಳಿ ಬಂದ ರಾಜ, ಅವನೂ ಕ್ರಿಸ್ತನೇ. ಇದರಲ್ಲಿ ಪೂರ್ತಿ ಸುಳ್ಳಿಲ್ಲ, ಆದ್ರೆ ಹೀಗೆ ಪಟ್ಟಿ ಮಾಡ್ತಾ ಹೋದ್ರೆ ಕಥೆ ಕೈಗೆ ಸಿಗಲ್ಲ. ನಾನು ಹೇಳೋದು ಇಷ್ಟೇ, ಯಾರು ಯಾರ ಸಂಕೇತ ಅಂತ ಕೇಳೋದನ್ನ ಪಕ್ಕಕ್ಕಿಟ್ಟು ಕೊನೆಗೆ ಗೆಲುವು ಯಾಕೆ ಬಂತು ಅಂತ ಕೇಳಿ ನೋಡಿ. ಬೆಂಕಿಗೆ ಹಾಕಿ ನಾಶ ಮಾಡಬೇಕಿದ್ದ ಆ ಕೇಡಿನ ಉಂಗುರ ಹೇಗೆ ನಾಶ ಆಯ್ತು? ಫ್ರೋಡೋ ನಾಶ ಮಾಡಿದ್ನಾ? ಇಲ್ಲ. ಅಷ್ಟು ದೂರ ಹೊತ್ತುಕೊಂಡು ಹೋದವನು ಬೆಂಕಿಯ ಅಂಚಲ್ಲಿ ನಿಂತು, ಮಾಡಕ್ಕೆ ಬಂದ ಕೆಲಸ ಮಾಡಲ್ಲ ಅಂತ ಹೇಳಿ ಉಂಗುರವನ್ನ ಬೆರಳಿಗೆ ಹಾಕ್ಕೋತಾನೆ. ನಾಯಕ ಸೋಲ್ತಾನೆ. ಆಗ ಗಾಲಂ, ಹಿಂದೆ ಆ ಉಂಗುರ ಇಟ್ಟುಕೊಂಡು ಅದರ ಹುಚ್ಚು ಹಿಡಿದವನು, ಬಂದು ಬೆರಳು ಕಚ್ಚಿ ಕಿತ್ತು, ಕುಣಿದಾಡಿ, ಕಾಲುಜಾರಿ ಬೆಂಕಿಗೆ ಬೀಳ್ತಾನೆ. ಸಿನಿಮಾ ನೋಡಿದವರಿಗೆ ಇದು ಒಂದು ಟ್ವಿಸ್ಟ್ ಅಷ್ಟೇ ಅನ್ಸಬಹುದು. ಆದ್ರೆ ಪುಸ್ತಕದಲ್ಲಿ ಈ ಜಾಗಕ್ಕೆ ಬರೋ ದಾರಿಯನ್ನ ಅವರು ಎಷ್ಟು ಹಿಂದಿನಿಂದ ಹಾಕ್ಕೊಂಡು ಬಂದಿದಾರೆ ಅಂತ ನೋಡಿದ್ರೆ ಮೈ ಜುಂ ಅನ್ನತ್ತೆ.

ಗಾಲಂ ಅಲ್ಲಿಗೆ ಬರಬೇಕಾದ್ರೆ ಅವನು ಬದುಕಿರಬೇಕು. ಅವನು ಬದುಕಿರೋದಕ್ಕೆ ಮೂರು ಜನ, ಬೇರೆ ಬೇರೆ ಹೊತ್ತಲ್ಲಿ, ಅವನನ್ನ ಕೊಲ್ಲಬಹುದಾಗಿದ್ರೂ ಕೊಲ್ಲದೆ ಬಿಟ್ಟಿರ್ತಾರೆ. ಮೊದಲನೆಯವನು ಬಿಲ್ಬೋ, ಫ್ರೋಡೋಗೆ ಉಂಗುರ ಬಿಟ್ಟುಹೋದ ಹಿರಿಯ ನೆಂಟ, ಗುಹೆಯ ಕತ್ತಲಲ್ಲಿ. ಈ ಭಾಗದ ಹಿಂದೆ ಒಂದು ವಿಷಯ ಇದೆ. ಬಿಲ್ಬೋ ಕಥೆ ಹೇಳೋ ದ ಹಾಬಿಟ್ 1937ರಲ್ಲಿ ಮೊದಲು ಬಂದಾಗ ಈ ಘಟನೆ ಹೀಗಿರಲೇ ಇಲ್ಲ! ಆ ಮೊದಲ ಮುದ್ರಣದಲ್ಲಿ ಗಾಲಂ ಒಗಟಿನ ಪಂದ್ಯದಲ್ಲಿ ಸೋತು, ಕೊಡ್ತೀನಿ ಅಂದಿದ್ದ ಉಂಗುರ ಸಿಗದೆ ಇದ್ದಿದ್ದಕ್ಕೆ ಕ್ಷಮೆ ಕೇಳಿ, ಬಿಲ್ಬೋಗೆ ಹೊರಗೆ ಹೋಗೋ ದಾರಿ ತೋರಿಸಿ ಕಳಿಸ್ತಾನೆ, ಕೊಲ್ಲೋ ಮಾತೇ ಬರಲ್ಲ. ಮುಂದೆ ಉಂಗುರದ ದೊಡ್ಡ ಕಥೆ ಬೆಳೀತಾ ಹೋದ ಹಾಗೆ ಟೋಲ್ಕೀನ್ ಆ ಅಧ್ಯಾಯವನ್ನ ತಿದ್ದಿ ಬರೆದ್ರು, ಅದು 1951ರ ಎರಡನೇ ಮುದ್ರಣದಲ್ಲಿ ಸೇರಿತು, ಈಗ ನಿಮ್ಮ ಕೈಲಿರೋದು ಅದೇ. ಅದರಲ್ಲಿ ಬಿಲ್ಬೋ ಅದೃಶ್ಯನಾಗಿ ಕತ್ತಿ ಹಿಡಿದು ಗಾಲಂ ಹಿಂದೆ ನಿಂತಿದಾನೆ, ಇರಿದು ಓಡಿಹೋಗಬಹುದು, ಆದ್ರೆ ಅವನಿಗೆ ಒಂದೇ ಕ್ಷಣದಲ್ಲಿ ಈ ಪ್ರಾಣಿಯ ಬದುಕು ಕಣ್ಣಿಗೆ ಬರತ್ತೆ, ಬೆಳಕಿಲ್ಲದ, ಆಸೆಯಿಲ್ಲದ, ಕಲ್ಲು ಮತ್ತೆ ಹಸಿ ಮೀನಿನ ಒಂದೇ ಥರದ ದಿನಗಳು, ಕನಿಕರ ಬರತ್ತೆ, ಅವನ ತಲೆ ಮೇಲಿಂದ ಜಿಗಿದು ಹೋಗ್ತಾನೆ. ತಿದ್ದೋವಾಗ ಗೊತ್ತಿದ್ದೇ ಮಾಡಿದೆ ಅಂತ ಪತ್ರದಲ್ಲಿ ಹೇಳಿದ್ರಲ್ಲ, ಆ ಮಾತು ಓದಿದಾಗೆಲ್ಲ ನನಗೆ ನೆನಪಾಗೋದು ಈ ಜಿಗಿತ.

ಆಮೇಲೆ ಫ್ರೋಡೋ. ಶೈರ್‌ನಲ್ಲಿ ಮನೆಯಲ್ಲಿ ಕೂತಿರೋವಾಗ ಅವನಿಗೆ ಇದೆಲ್ಲ ಅರ್ಥ ಆಗಲ್ಲ, ಆ ದುಷ್ಟನನ್ನ ಬಿಲ್ಬೋ ಅವತ್ತೇ ಇರಿದು ಮುಗಿಸಬೇಕಿತ್ತು ಅಂತಾನೆ. ಗ್ಯಾಂಡಾಲ್ಫ್ ಹೇಳೋ ಉತ್ತರ ಪುಸ್ತಕದ ಬಹಳ ಪ್ರಸಿದ್ಧ ಮಾತುಗಳಲ್ಲೊಂದು. ಬದುಕಿರೋರಲ್ಲಿ ಸಾಯಬೇಕಾದವರು ಬೇಕಾದಷ್ಟು ಜನ ಇದಾರೆ, ಸತ್ತವರಲ್ಲಿ ಬದುಕಬೇಕಾದವರೂ ಇದಾರೆ, ಅವರಿಗೆ ನೀನು ಜೀವ ಕೊಡಬಲ್ಲೆಯಾ? ಇಲ್ಲ ಅಂದ್ಮೇಲೆ ಸಾವಿನ ತೀರ್ಪು ಕೊಡೋದಕ್ಕೆ ಅವಸರ ಮಾಡಬೇಡ ಅಂತಾನೆ, ಬಿಲ್ಬೋನ ಕನಿಕರವೇ ಎಷ್ಟೋ ಜನರ ಹಣೆಬರಹ ತೀರ್ಮಾನ ಮಾಡಬಹುದು ಅಂತಾನೂ ಸೇರಿಸ್ತಾನೆ. ಫ್ರೋಡೋಗೆ ಆಗ ಅದು ಬರೀ ಮಾತು. ಉಂಗುರ ಹೊತ್ತು ತಿಂಗಳುಗಟ್ಟಲೆ ನಡೆದಮೇಲೆ, ಬೆಟ್ಟದ ಬುಡದಲ್ಲಿ ಗಾಲಂ ಕಣ್ಣೆದುರಿಗೆ ಸಿಕ್ಕಿದಾಗ, ಆ ಮಾತು ಅವನ ಕಿವಿಯಲ್ಲಿ ಮತ್ತೆ ಕೇಳಿಸತ್ತೆ, ಈಗ ನೋಡಿದಮೇಲೆ ನನಗೂ ಕನಿಕರ ಬರ್ತಿದೆ ಅಂತ ಹೇಳಿ ಬಿಡ್ತಾನೆ.

ಮೂರನೆಯವನು ಫ್ರೋಡೋ ಜೊತೆಗೆ ಹೋದ ಸ್ಯಾಮ್, ನನಗೆ ಇದರಲ್ಲಿ ಎಲ್ಲಕ್ಕಿಂತ ಹೆಚ್ಚು ಮನಸ್ಸು ಕಲಕೋದು ಇವನ ಭಾಗ, ಯಾಕಂದ್ರೆ ಸ್ಯಾಮ್‌ಗೆ ಗಾಲಂ ಕಂಡ್ರೆ ಆಗಲ್ಲ, ಕೊನೇವರೆಗೂ ಆಗಲ್ಲ. ಅವನು ಗಾಲಂನ ಕೊಲ್ಲದೆ ಬಿಡೋದಕ್ಕಿಂತ ಮುಂಚಿನ ಒಂದು ದೃಶ್ಯ ನೋಡಿ. ಕಿರಿತ್ ಉಂಗೋಲ್ ಮೆಟ್ಟಿಲುಗಳ ಹತ್ರ ಫ್ರೋಡೋ ಸ್ಯಾಮ್ ತೊಡೆ ಮೇಲೆ ತಲೆಯಿಟ್ಟು ಮಲಗಿದಾನೆ, ಸ್ಯಾಮ್‌ಗೂ ಕೂತಲ್ಲೇ ನಿದ್ದೆ ಹತ್ತಿದೆ. ಅವರನ್ನ ಜೇಡದ ಬಾಯಿಗೆ ಕೊಡೋ ಪ್ಲಾನ್ ಹಾಕಿ ವಾಪಸ್ ಬಂದ ಗಾಲಂ ಇದನ್ನ ನೋಡ್ತಾನೆ. ಅವನ ಕಣ್ಣಿನ ಹಸಿರು ಹೊಳಪು ಆರಿಹೋಗತ್ತೆ, ಮುದುಕನ ಕಣ್ಣಾಗತ್ತೆ, ಹಿಂದೆ ತಿರುಗಿ ಕಣಿವೆ ಕಡೆ ನೋಡ್ತಾನೆ, ತಲೆ ಅಲ್ಲಾಡಿಸ್ತಾನೆ, ಆಮೇಲೆ ನಡುಗೋ ಕೈ ಚಾಚಿ ಫ್ರೋಡೋ ಮಂಡಿಯನ್ನ ಮೆಲ್ಲಗೆ ಮುಟ್ಟುತಾನೆ, ನೇವರಿಸಿದ ಹಾಗೆ. ಆಗ ಯಾರಾದ್ರೂ ಎದ್ದು ನೋಡಿದ್ರೆ ವಯಸ್ಸಾಗಿ ಸೋತುಹೋದ ಒಬ್ಬ ಹಾಬಿಟ್ ಥರ ಕಾಣ್ತಿದ್ದ ಅಂತ ಬರೀತಾರೆ. ಫ್ರೋಡೋ ನಿದ್ದೇಲಿ ನರಳ್ತಾನೆ, ಸ್ಯಾಮ್ ಎಚ್ಚರ ಆಗಿ ಗದರ್ತಾನೆ, ಕದ್ದು ಹೋಗಿ ಕದ್ದು ಬರ್ತೀಯಾ ಮುದಿ ಕಳ್ಳ ಅನ್ನೋ ಧಾಟೀಲಿ. ಅಷ್ಟೇ. ಹಸಿರು ಹೊಳಪು ವಾಪಸ್ ಬರತ್ತೆ, ಆ ಗಳಿಗೆ ಹೋಗೇಬಿಡ್ತು, ಮತ್ತೆ ಬರಲ್ಲ. ಇಡೀ ಕಥೇಲಿ ನನಗೆ ಬಹುಶಃ ಅತ್ಯಂತ ದುಃಖದ ಕ್ಷಣ ಇದೇ ಅಂತ ಟೋಲ್ಕೀನ್ ಒಂದು ಪತ್ರದಲ್ಲಿ ಹೇಳಿದಾರೆ. ದೊಡ್ಡ ದೊಡ್ಡ ಯುದ್ಧಗಳನ್ನ ಬರೆದವರು ದುಃಖದ ಕ್ಷಣ ಅಂತ ಆರಿಸಿದ್ದು ಒಬ್ಬ ಒಳ್ಳೆ ಮನುಷ್ಯ ನಿದ್ದೆಗಣ್ಣಲ್ಲಿ ಆಡಿದ ಒಂದು ಬಿರುಸು ಮಾತನ್ನ, ಅದರಿಂದ ಒಂದು ಆತ್ಮ ಪಶ್ಚಾತ್ತಾಪದ ಅಂಚಿಗೆ ಬಂದು ವಾಪಸ್ ಹೋಗಿದ್ದನ್ನ. ಪಾಪನಿವೇದನೆಗೆ ಹೋಗಿ ಬೆಳೆದ ಕ್ಯಾಥೊಲಿಕ್ ಮನಸ್ಸಿನ ಲೆಕ್ಕಾಚಾರ ಇದು.

ಅದೇ ಸ್ಯಾಮ್‌ಗೆ ಮೌಂಟ್ ಡೂಮ್ ಇಳಿಜಾರಲ್ಲಿ ಇನ್ನೊಂದು ಚಾನ್ಸ್ ಸಿಗತ್ತೆ. ಗಾಲಂ ನೆಲಕ್ಕೆ ಬಿದ್ದು ಗೋಳಾಡ್ತಿದಾನೆ, ಸ್ಯಾಮ್ ಕತ್ತಿ ಎತ್ತಿದಾನೆ, ಕೊಲ್ಲಕ್ಕೆ ಎಲ್ಲಾ ನ್ಯಾಯವಾದ ಕಾರಣಗಳೂ ಇವೆ, ಆದ್ರೆ ಕೈ ತಡೆಯತ್ತೆ. ಯಾಕೆ ಗೊತ್ತಾ? ಮಧ್ಯೆ ಸ್ವಲ್ಪ ಹೊತ್ತು ಸ್ಯಾಮ್ ಕೂಡ ಆ ಉಂಗುರ ಹೊತ್ತಿದ್ದ. ಸ್ವಲ್ಪ ಹೊತ್ತಿಗೇ ಹಾಗಾದ್ರೆ ಜೀವಮಾನ ಪೂರ್ತಿ ಅದಕ್ಕೆ ಜೀತ ಮಾಡಿದವನ ಗತಿ ಏನು ಅಂತ ಅವನಿಗೆ ಮಸುಕಾಗಿ ಹೊಳೆಯತ್ತೆ. ಅದನ್ನ ಹೇಳೋದಕ್ಕೆ ಅವನ ಹತ್ರ ಮಾತಿಲ್ಲ, ಬೈದು ತೊಲಗು ಅಂತಾನೆ. ಆ ಬೈಗುಳದ ರೂಪದಲ್ಲಿ ಬಂದ ಕ್ಷಮೆಯಿಂದ ಕೆಲವೇ ನಿಮಿಷ ಆದಮೇಲೆ ಲೋಕ ಉಳಿಯತ್ತೆ.

ಈಗ ಇದನ್ನ ಒಟ್ಟಿಗಿಟ್ಟು ನೋಡಿ. ಶಕ್ತಿಯಿಂದ ಗೆಲ್ಲಲಿಲ್ಲ, ಯುಕ್ತಿಯಿಂದ ಗೆಲ್ಲಲಿಲ್ಲ, ಕೊನೆಗೆ ಸಂಕಲ್ಪಬಲದಿಂದಲೂ ಗೆಲ್ಲಲಿಲ್ಲ, ಅದು ಬೆಂಕಿಯ ಅಂಚಲ್ಲಿ ಮುರಿದುಬಿತ್ತು. ಯಾರೂ ಫಲ ಲೆಕ್ಕ ಹಾಕದೆ ತೋರಿಸಿದ ಮೂರು ಕನಿಕರಗಳು ಸೇರಿ, ಯಾರ ಯೋಜನೆಯಲ್ಲೂ ಇಲ್ಲದ ಒಂದು ಬಿಡುಗಡೆ ಬಂತು. ಕ್ರೈಸ್ತರು ಕೃಪೆ ಅಂತ ಕರೆಯೋದು ಇದನ್ನೇ, ಸಂಪಾದನೆ ಮಾಡಿದ್ದಲ್ಲ, ಕೊಟ್ಟಿದ್ದು. ಪುಸ್ತಕ ಬಂದಮೇಲೆ ಒಬ್ಬ ಓದುಗ ಸಿಟ್ಟಿಂದ ಬರೆದ, ಫ್ರೋಡೋಗೆ ಸನ್ಮಾನ ಮಾಡೋದಲ್ಲ, ದ್ರೋಹಿ ಅಂತ ಮರಣದಂಡನೆ ಕೊಡಬೇಕಿತ್ತು ಅಂತ. ಈ ವಿಷಯ ಬಂದಾಗ ಟೋಲ್ಕೀನ್ ತಿರುಗೋದು ಯೇಸು ಕಲಿಸಿದ ಪ್ರಾರ್ಥನೆ ಕಡೆಗೆ, ನಮಗೆ ತಪ್ಪು ಮಾಡಿದವರನ್ನ ನಾವು ಕ್ಷಮಿಸೋ ಹಾಗೆ ನಮ್ಮ ತಪ್ಪುಗಳನ್ನ ಕ್ಷಮಿಸು, ನಮ್ಮನ್ನ ಶೋಧನೆಯೊಳಗೆ ಸೇರಿಸದೆ ಕೇಡಿನಿಂದ ತಪ್ಪಿಸು ಅನ್ನೋ ಸಾಲುಗಳಿವೆಯಲ್ಲ ಅಲ್ಲಿಗೆ. ಮನುಷ್ಯನ ಶಕ್ತಿಗೆ ಮೀರಿದ ಪರೀಕ್ಷೆ ಇರತ್ತೆ, ಅಲ್ಲಿ ಫ್ರೋಡೋ ಸೋತಿದ್ದು ಪಾಪ ಅಲ್ಲ, ಅವನು ತನ್ನಿಂದಾದಷ್ಟು ಪೂರ್ತಿ ಕೊಟ್ಟಿದ್ದ, ಅಲ್ಲಿಂದ ಮುಂದೆ ಇನ್ನೊಂದು ಶಕ್ತಿ, ಕಥೆಯ ನಿಜವಾದ ಕರ್ತೃ, ನಾನಲ್ಲ, ಕೈಗೆ ತಗೊಂಡಿತು ಅಂತ ಅವರ ವಾದ. ದೇವರ ಹೆಸರೇ ಇಲ್ಲ ಅಂದ್ರಲ್ಲ ನೀವು, ಇಲ್ಲಿದಾನೆ ನೋಡಿ, ಹೆಸರಿಲ್ಲದೆ.

ಟೋಲ್ಕೀನ್‌ಗೆ ಈ ನಂಬಿಕೆ ಪುಸ್ತಕದಿಂದ ಬಂದಿದ್ದಲ್ಲ. ಹುಟ್ಟಿದ್ದು 1892ರಲ್ಲಿ ಸೌತ್ ಆಫ್ರಿಕಾದ ಬ್ಲೂಮ್‌ಫಾಂಟೇನ್‌ನಲ್ಲಿ, ನಾಲ್ಕು ವರ್ಷಕ್ಕೆ ತಂದೆ ಹೋದ್ರು. ತಾಯಿ ಮೇಬಲ್ 1900ರಲ್ಲಿ ಕ್ಯಾಥೊಲಿಕ್ ಆದ್ರು, ಪ್ರಾಟೆಸ್ಟೆಂಟ್ ನೆಂಟರು ಸಿಟ್ಟಾಗಿ ಹಣಸಹಾಯ ನಿಲ್ಲಿಸಿದ್ರು. ಬಡತನದಲ್ಲೇ ಎರಡು ಗಂಡುಮಕ್ಕಳನ್ನ ಸಾಕಿ 1904ರಲ್ಲಿ ಡಯಾಬಿಟಿಸ್‌ನಿಂದ ತೀರಿಕೊಂಡ್ರು, ಆಗಿನ್ನೂ ಇನ್ಸುಲಿನ್ ಬಂದಿರಲಿಲ್ಲ, ಮಗನಿಗೆ ಹನ್ನೆರಡು ವರ್ಷ. ಆಮೇಲೆ ನೋಡಿಕೊಂಡಿದ್ದು ಬರ್ಮಿಂಗ್‌ಹ್ಯಾಮ್ ಆರೇಟರಿ ಅನ್ನೋ ಕ್ಯಾಥೊಲಿಕ್ ಪಾದ್ರಿಗಳ ಸಂಘದ ಫಾದರ್ ಫ್ರಾನ್ಸಿಸ್ ಮಾರ್ಗನ್. ತನ್ನ ತಾಯಿ ಧರ್ಮಕ್ಕಾಗಿ ಜೀವ ತೆತ್ತವರು ಅಂತ ಟೋಲ್ಕೀನ್ ಕೊನೆವರೆಗೂ ನಂಬಿದ್ರು. ಹೀಗೆ ನಂಬಿದವರು ದೇವರನ್ನ ಕಥೇಲಿ ಪಾತ್ರ ಮಾಡಿ ಮಾತಾಡಿಸೋದಕ್ಕೆ ಹಿಂಜರೀತಾರೆ ಅನ್ನೋದು ನನಗೆ ಆಶ್ಚರ್ಯ ಅನ್ಸಲ್ಲ.

ಸಣ್ಣ ಸಣ್ಣ ಗುರುತುಗಳೂ ಇವೆ, ಅದನ್ನ ಬೇಗ ಹೇಳಿಬಿಡ್ತೀನಿ. ಉಂಗುರದ ಜೊತೆ ಒಂಬತ್ತು ಜನ ರಿವೆಂಡೆಲ್ ಅನ್ನೋ ಜಾಗ ಬಿಟ್ಟು ಹೊರಡೋದು ಡಿಸೆಂಬರ್ 25, ಉಂಗುರ ನಾಶ ಆಗೋದು ಮಾರ್ಚ್ 25, ಕಾಲಾನುಕ್ರಮಣಿಕೆ ಕೊಟ್ಟಿರೋ ಅನುಬಂಧದಲ್ಲಿ ನೋಡಿ. ಮಾರ್ಚ್ 25 ಅಂದ್ರೆ ಗಾಬ್ರಿಯೇಲ ದೂತ ಮರಿಯಮ್ಮನಿಗೆ ಶುಭಸಂದೇಶ ತಂದ ಹಬ್ಬದ ದಿನ, ಯೇಸು ಶಿಲುಬೆಗೇರಿದ್ದೂ ಅದೇ ದಿನ ಅಂತ ಹಳೇ ಕಾಲದ ಕ್ರೈಸ್ತರಲ್ಲಿ ನಂಬಿಕೆ ಇತ್ತು. ಇಂಗ್ಲೆಂಡಲ್ಲಿ 1752ಕ್ಕೆ ಮುಂಚೆ ಹೊಸವರ್ಷವೂ ಅವತ್ತೇ ಶುರುವಾಗ್ತಿತ್ತು, ಕಥೇಲಿ ಗೊಂಡೋರ್‌ನಲ್ಲಿ ಇನ್ಮೇಲೆ ಹೊಸವರ್ಷ ಮಾರ್ಚ್ 25ಕ್ಕೆ ಅಂತ ಸಾರ್ತಾರೆ. ಆಮೇಲೆ ಲೆಂಬಾಸ್, ಎಲ್ಫ್‌ಗಳು ಕೊಡೋ ಎಲೇಲಿ ಸುತ್ತಿದ ರೊಟ್ಟಿ. ಬೇರೆ ಊಟದ ಜೊತೆ ತಿಂದ್ರೆ ಸಾಧಾರಣ, ಅದೊಂದನ್ನೇ ನೆಚ್ಚಿಕೊಂಡ್ರೆ ಶಕ್ತಿ ಹೆಚ್ಚತ್ತೆ, ಹೊಟ್ಟೆಗಿಂತ ಮನಸ್ಸಿನ ಬಲಕ್ಕೆ ಊಟ ಹಾಕತ್ತೆ, ಗಾಲಂಗೆ ಮಾತ್ರ ಅದು ಬಾಯಲ್ಲಿ ಧೂಳು ಬೂದಿ. ನಮ್ಮ ಕನ್ನಡದ ಕ್ಯಾಥೊಲಿಕರು ಇದನ್ನ ಓದಿದ್ರೆ ಪರಮಪ್ರಸಾದ, ಅಂದ್ರೆ ಪೂಜೆಯಲ್ಲಿ ಯೇಸುವಿನ ದೇಹ ಅಂತ ಸ್ವೀಕರಿಸೋ ರೊಟ್ಟಿ, ತಕ್ಷಣ ನೆನಪಾಗತ್ತೆ. ಒಬ್ಬ ವಿಮರ್ಶಕರು ಈ ಹೋಲಿಕೆ ಹೇಳಿದಾಗ ಟೋಲ್ಕೀನ್ ಇಲ್ಲ ಅನ್ನಲಿಲ್ಲ. ಇಡೀ ಪುಸ್ತಕದಲ್ಲಿ ಧಾರ್ಮಿಕ ಆಚರಣೆ ಅನ್ನಬಹುದಾದ್ದಕ್ಕೆ ತೀರಾ ಹತ್ರ ಬರೋದು ಅಂದ್ರೆ ಗೊಂಡೋರ್ ಸೇನೆಯ ನಾಯಕ ಫಾರಮೀರ್ ಮತ್ತೆ ಅವನ ಸೈನಿಕರು ಊಟಕ್ಕೆ ಮುಂಚೆ ಎದ್ದು ಪಶ್ಚಿಮಕ್ಕೆ ಮುಖ ಮಾಡಿ ಒಂದು ನಿಮಿಷ ಮೌನವಾಗಿ ನಿಲ್ಲೋದು. ಫ್ರೋಡೋ ಸ್ಯಾಮ್‌ಗೆ ಅದು ಹೊಸದು, ತಮ್ಮಲ್ಲಿ ಹಾಗೆ ಮಾಡೋ ರೂಢಿ ಇಲ್ಲವಲ್ಲ ಅಂತ ಮುಜುಗರ ಪಡ್ತಾರೆ.

ಕೇಡಿನ ಬಗ್ಗೆಯೂ ಒಂದು ಮಾತು. ಓರ್ಕ್‌ಗಳ ಕೋಟೆಯಲ್ಲಿ ಫ್ರೋಡೋ ಸ್ಯಾಮ್‌ಗೆ ಹೇಳ್ತಾನೆ, ಆ ನೆರಳಿಗೆ ಅಣಕಿಸೋಕೆ ಬರತ್ತೆ, ಹೊಸದಾಗಿ ಏನನ್ನೂ ಮಾಡೋಕೆ ಬರಲ್ಲ ಅಂತ. ಇದು ಸೇಂಟ್ ಅಗಸ್ಟೀನ್ ಕಾಲದಿಂದ ಬಂದ ಕ್ರೈಸ್ತ ವಿಚಾರ, ಕೇಡಿಗೆ ಸ್ವಂತ ಅಸ್ತಿತ್ವ ಇಲ್ಲ, ಅದು ಒಳ್ಳೇದು ಕೆಟ್ಟಿದ್ದಷ್ಟೇ. 1977ರಲ್ಲಿ, ಟೋಲ್ಕೀನ್ ತೀರಿಹೋದಮೇಲೆ ಬಂದ ಸಿಲ್ಮರಿಲಿಯನ್‌ನಲ್ಲಿ ದೇವರು ನೇರವಾಗೇ ಇದಾನೆ, ಇಲೂವಟಾರ್ ಅಂತ, ಸಂಗೀತದಿಂದ ಲೋಕ ಹುಟ್ಟತ್ತೆ, ಮೆಲ್ಕೋರ್ ಅಪಸ್ವರ ಎಬ್ಬಿಸ್ತಾನೆ, ಆ ಅಪಸ್ವರವೂ ಕೊನೆಗೆ ದೊಡ್ಡ ರಾಗದ ಭಾಗವೇ ಆಗತ್ತೆ. ನಿಮಗೆ ದೇವರು ಎಲ್ಲಿ ಅಂತ ಇನ್ನೂ ಅನ್ಸಿದ್ರೆ ಅದರ ಮೊದಲ ಕೆಲವು ಪುಟ ಓದಿ, ಆದ್ರೆ ಅದಾದಮೇಲಿನ ಪುಸ್ತಕ ಕಷ್ಟ ಇದೆ, ಮೊದಲೇ ಹೇಳಿರ್ತೀನಿ.

ಈಗ ನಾರ್ನಿಯಾ. ಅದನ್ನ ಬರೆದ ಸಿ.ಎಸ್. ಲೂಯಿಸ್ ನಾಸ್ತಿಕರಾಗಿದ್ದವರು, 1931ರ ಸೆಪ್ಟೆಂಬರಲ್ಲಿ ಆಕ್ಸ್‌ಫರ್ಡ್‌ನ ಮ್ಯಾಗ್ಡಲಿನ್ ಕಾಲೇಜಲ್ಲಿ ಟೋಲ್ಕೀನ್ ಮತ್ತೆ ಇನ್ನೊಬ್ಬ ಸ್ನೇಹಿತ ಹ್ಯೂಗೋ ಡೈಸನ್ ಜೊತೆ ರಾತ್ರಿಯೆಲ್ಲ ಪುರಾಣ, ಸತ್ಯ ಅಂತ ಮಾತಾಡಿ, ಅದಾದ ಕೆಲವೇ ದಿನಕ್ಕೆ ಕ್ರಿಸ್ತನನ್ನ ನಂಬಿದವರು. ಆದ್ರೂ ಟೋಲ್ಕೀನ್‌ಗೆ ನಾರ್ನಿಯಾ ಹಿಡಿಸಲಿಲ್ಲ, ಅವರಿಗೆ ಅಲಿಗರಿ, ಅಂದ್ರೆ ಪ್ರತಿ ಪಾತ್ರವೂ ಬೇರೇನಕ್ಕೋ ಸಂಕೇತ ಆಗಿರೋ ಕಥೆ, ಕಂಡ್ರೇ ಆಗ್ತಿರಲಿಲ್ಲ, ಓದುಗನ ಸ್ವಾತಂತ್ರ್ಯವನ್ನ ಲೇಖಕ ಕಿತ್ತುಕೊಳ್ಳೋ ಹಾಗೆ ಅದು ಅಂತ ಅವರ ಅಭಿಪ್ರಾಯ. ಲೂಯಿಸ್ ಆದ್ರೋ, ನಂದು ಅಲಿಗರಿ ಅಲ್ಲವೇ ಅಲ್ಲ ಅಂತ ವಾದ ಮಾಡಿದ್ರು. ನಾರ್ನಿಯಾ ಅಂತ ಒಂದು ಲೋಕ ನಿಜವಾಗ್ಲೂ ಇದ್ದಿದ್ರೆ, ಮಾತಾಡೋ ಪ್ರಾಣಿಗಳ ಆ ಲೋಕಕ್ಕೆ ಕ್ರಿಸ್ತ ಬಂದಿದ್ರೆ ಹೇಗಿರ್ತಿದ್ದ ಅನ್ನೋ ಪ್ರಶ್ನೆಗೆ ಅಸ್ಲಾನ್ ಅನ್ನೋ ಆ ಸಿಂಹವೇ ಉತ್ತರ ಅಂತ ಅವರ ವಿವರಣೆ. ನಾನು ಇದನ್ನ ಒಪ್ತೀನಿ, ಯಾಕಂದ್ರೆ ಅಸ್ಲಾನ್ ಬರೀ ಒಂದು ಸಂಕೇತ ಆಗಿದ್ದಿದ್ರೆ ಮಕ್ಕಳು ಅವನನ್ನ ಅಷ್ಟು ಪ್ರೀತಿಸ್ತಿರಲಿಲ್ಲ.

ನಮ್ಮಲ್ಲಿ ಓದೋರು ಅಸ್ಲಾನ್‌ನ ಅವತಾರ ಅಂತ ತಗೊಳ್ತಾರೆ, ಕ್ಲಾಸಲ್ಲಿ ಹುಡುಗರು ನರಸಿಂಹನ ಹೆಸರೂ ತರ್ತಾರೆ, ಸಿಂಹ ಅಲ್ವಾ, ಸಹಜ. ದೇವರು ಇಳಿದು ಬರ್ತಾನೆ ಅನ್ನೋವರೆಗೆ ಸರಿ. ಆದ್ರೆ ಅವತಾರದಲ್ಲಿ ನಾವು ಕಾಯೋದು ದುಷ್ಟಸಂಹಾರಕ್ಕೆ, ಕಲ್ಲುಮೇಜಿನ ಅಧ್ಯಾಯದಲ್ಲಿ ಆಗೋದು ತದ್ವಿರುದ್ಧ. ಎಡ್ಮಂಡ್ ಅಣ್ಣ ಅಕ್ಕ ತಂಗಿಯರಿಗೆ ದ್ರೋಹ ಮಾಡಿದಾನೆ, ಆ ಲೋಕದ ನಿಯಮದ ಪ್ರಕಾರ ದ್ರೋಹಿಯ ರಕ್ತ ಮಾಟಗಾತಿಗೆ ಸೇರಬೇಕು. ಅಸ್ಲಾನ್ ಆ ನಿಯಮ ಮುರಿಯಲ್ಲ, ಯುದ್ಧ ಮಾಡಿ ಹುಡುಗನನ್ನ ಬಿಡಿಸ್ಕೊಳ್ಳಲ್ಲ, ಅವನ ಜಾಗದಲ್ಲಿ ತಾನು ಹೋಗಿ ನಿಲ್ತಾನೆ. ಕಟ್ಟಿಹಾಕ್ತಾರೆ, ಕೇಸರ ಬೋಳಿಸ್ತಾರೆ, ಬಾಯಿಗೆ ಪಟ್ಟಿ ಕಟ್ತಾರೆ, ಬೆಕ್ಕು ಬೆಕ್ಕು ಅಂತ ನಗ್ತಾರೆ, ಅವನು ಸುಮ್ಮನಿರ್ತಾನೆ. ಇದು ಸಂಹಾರ ಮಾಡೋ ನರಸಿಂಹ ಅಲ್ಲ, ಇದನ್ನ ಹಾಗೇ ಬೇರೆಯಾಗಿ ನೋಡಿದ್ರೇನೇ ಅದರ ಭಾರ ತಿಳಿಯೋದು. ಆಮೇಲೆ ಒಂದು ಪುಟ್ಟ ವಿಷಯ ಇದೆ, ಬಹಳ ಜನ ಓದಿ ಮರೆತಿರ್ತಾರೆ. ಯುದ್ಧ ಮುಗಿದಮೇಲೆ ಲೂಸಿ ಕೇಳ್ತಾಳೆ, ಅಸ್ಲಾನ್ ತನಗೋಸ್ಕರ ಏನು ಮಾಡಿದ ಅಂತ ಎಡ್ಮಂಡ್‌ಗೆ ಗೊತ್ತಾ ಅಂತ. ಸೂಸನ್ ಇಲ್ಲ ಅಂತಾಳೆ, ಹೇಳೋದೂ ಬೇಡ, ಅವನಿಗೆ ತಡ್ಕೊಳಕ್ಕಾಗಲ್ಲ ಅಂತಾಳೆ. ಲೂಸಿಗೆ ಮಾತ್ರ ಗೊತ್ತಾಗಬೇಕು ಅನ್ಸತ್ತೆ. ಆ ಮಾತು ಅಲ್ಲಿಗೇ ನಿಂತುಹೋಗತ್ತೆ, ಲೂಯಿಸ್ ಮುಂದೆ ಹೇಳಲ್ಲ.

ಆದ್ರೆ ನನ್ನನ್ನ ಕೇಳಿದ್ರೆ ಲೂಯಿಸ್‌ನ ನಂಬಿಕೆ ಆಳವಾಗಿ ಕಾಣೋದು ಇಲ್ಲಲ್ಲ, 1955ರ ದ ಮೆಜಿಶಿಯನ್ಸ್ ನೆಫ್ಯೂನಲ್ಲಿ. ಡಿಗರಿ ಅನ್ನೋ ಹುಡುಗನ ತಾಯಿ ಸಾಯೋ ಸ್ಥಿತೀಲಿದಾರೆ. ನಾರ್ನಿಯಾಗೆ ಕೇಡು ತಂದಿದ್ದೂ ಅದೇ ಹುಡುಗ. ಅಸ್ಲಾನ್ ಅವನಿಗೆ ಒಂದು ಕೆಲಸ ಹೇಳ್ತಿರೋವಾಗ ಅವನು ತಡೀಲಾರದೆ ನನ್ನ ಅಮ್ಮನಿಗೆ ಏನಾದ್ರೂ ಕೊಡಿ ಅಂತ ಬೇಡ್ಕೊಳ್ತಾನೆ. ಅಲ್ಲೀವರೆಗೂ ಸಿಂಹದ ಪಂಜಾ ನೋಡ್ತಿದ್ದವನು ಮುಖ ಎತ್ತಿ ನೋಡಿದ್ರೆ ಸಿಂಹದ ಕಣ್ಣಲ್ಲಿ ದೊಡ್ಡ ದೊಡ್ಡ ಕಣ್ಣೀರ ಹನಿಗಳು, ತನಗಿಂತ ಅವನಿಗೇ ಅಮ್ಮನ ಬಗ್ಗೆ ಹೆಚ್ಚು ದುಃಖ ಇದೆಯೇನೋ ಅನ್ಸೋ ಹಾಗೆ. ದುಃಖ ದೊಡ್ಡದು ಮಗು, ಈ ನಾಡಲ್ಲಿ ಅದು ಗೊತ್ತಿರೋದು ಇನ್ನೂ ನಮ್ಮಿಬ್ಬರಿಗೆ ಮಾತ್ರ, ಒಬ್ಬರಿಗೊಬ್ಬರು ಒಳ್ಳೆಯವರಾಗಿರೋಣ ಅಂತಾನೆ ಅಸ್ಲಾನ್. ಆಮೇಲೆ ತೋಟದಲ್ಲಿ ಮಾಟಗಾತಿ ಸಿಗ್ತಾಳೆ, ಹಣ್ಣು ಕದ್ದುಕೊಂಡು ನೇರ ಅಮ್ಮನ ಹತ್ರ ಹೋಗು ಅಂತ ಪುಸಲಾಯಿಸ್ತಾಳೆ, ಅವನು ಕದಿಯಲ್ಲ, ಕೊಟ್ಟ ಮಾತಿನ ಹಾಗೆ ಹಣ್ಣು ತಂದು ಒಪ್ಪಿಸ್ತಾನೆ. ಕದ್ದಿದ್ರೂ ನಿನ್ನ ತಾಯಿ ಗುಣ ಆಗ್ತಿದ್ಲು, ಆದ್ರೆ ಇಬ್ಬರಿಗೂ ಸುಖ ಇರ್ತಿರಲಿಲ್ಲ ಅಂತ ಅಸ್ಲಾನ್ ಹೇಳಿ, ಅವನ ಕೈಗೆ ತಾನೇ ಒಂದು ಹಣ್ಣು ಕೊಡಿಸ್ತಾನೆ. ಲೂಯಿಸ್‌ನ ತಾಯಿ ಫ್ಲೋರಾ 1908ರಲ್ಲಿ ಬೆಲ್‌ಫಾಸ್ಟ್‌ನಲ್ಲಿ ಕ್ಯಾನ್ಸರ್‌ನಿಂದ ತೀರಿಕೊಂಡಾಗ ಅವರಿಗೆ ಒಂಬತ್ತು ವರ್ಷ, ಅಮ್ಮ ಉಳೀಲಿ ಅಂತ ಪ್ರಾರ್ಥನೆ ಮಾಡಿದ್ರು, ಉಳೀಲಿಲ್ಲ, ಇದನ್ನ ಅವರು ಬರೆದ ಆತ್ಮಕಥೆ ಬಂದಿದ್ದೂ ಅದೇ 1955ರಲ್ಲಿ. ಸಿಗದೆಹೋದ ಆ ಉತ್ತರವನ್ನ ನಲವತ್ತೇಳು ವರ್ಷ ಆದಮೇಲೆ ಒಬ್ಬ ನಂಬುವ ಮನುಷ್ಯ ಹೀಗೆ ಬರೆದ್ರು ಅನ್ನೋದು ನನಗೆ ಎಷ್ಟು ಸಲ ಹೇಳಿದ್ರೂ ಸಾಲದು. ದೇವರು ಯಾಕೆ ಕೊಡಲಿಲ್ಲ ಅನ್ನೋದಕ್ಕೆ ವಾದ ಹೂಡಿಲ್ಲ, ದೇವರ ಕಣ್ಣಲ್ಲಿ ನೀರಿತ್ತು ಅಂತ ಬರೆದ್ರು.

ನಿಮ್ಮ ಎರಡನೇ ಪ್ರಶ್ನೆಗೆ ಬರ್ತೀನಿ, ತಿಳೀದೆ ಓದಿದ್ರೆ ತಪ್ಪಿಹೋಗತ್ತಾ ಅಂತ. ಇದಕ್ಕೆ ಲೂಯಿಸ್‌ನ ಬದುಕಲ್ಲೇ ಉತ್ತರ ಇದೆ. 1916ರ ಮಾರ್ಚಲ್ಲಿ, ಹದಿನೇಳು ವರ್ಷದ ಪಕ್ಕಾ ನಾಸ್ತಿಕ ಹುಡುಗ, ರೈಲ್ವೆ ಸ್ಟೇಷನ್ನಿನ ಪುಸ್ತಕದಂಗಡೀಲಿ ಜಾರ್ಜ್ ಮ್ಯಾಕ್‌ಡೊನಾಲ್ಡ್ ಅನ್ನೋರು 1858ರಲ್ಲಿ ಬರೆದ ಫ್ಯಾಂಟಸ್ಟೀಸ್ ಅನ್ನೋ ಕಥೆ ಕೊಂಡ್ಕೊಂಡ. ಮ್ಯಾಕ್‌ಡೊನಾಲ್ಡ್ ಸ್ಕಾಟ್ಲೆಂಡಿನವರು, ಅರಂಡೆಲ್ ಅನ್ನೋ ಊರಲ್ಲಿ ಪಾದ್ರಿಯಾಗಿದ್ರು, ದೇವರ ಪ್ರೀತಿಗೆ ಗಡಿ ಇಲ್ಲ ಅನ್ನೋ ಥರ ಉಪದೇಶ ಮಾಡಿದ್ದು ಸಭೆಯವರಿಗೆ ಸರಿಬರದೆ ಕೆಲಸ ಬಿಡಬೇಕಾಗಿ ಬಂತು, ಆಮೇಲೆ ಕಥೆ ಬರೆದು ಬದುಕಿದ್ರು. ಆ ಪುಸ್ತಕದಲ್ಲಿ ಧರ್ಮ ಇದೆ ಅಂತ ಲೂಯಿಸ್‌ಗೆ ಆಗ ಗೊತ್ತೇ ಆಗಲಿಲ್ಲ, ಒಂದು ಥರದ ಬೆಳಕು, ಒಂದು ಒಳ್ಳೆಯತನದ ವಾಸನೆ ಅಷ್ಟೇ ಗೊತ್ತಾಗಿದ್ದು, ಅದು ಪಾವಿತ್ರ್ಯ ಅಂತ ತಿಳಿದಿದ್ದು ಬಹಳ ವರ್ಷ ಆದಮೇಲೆ. ಆ ರಾತ್ರಿ ನನ್ನ ಕಲ್ಪನೆಗೆ ದೀಕ್ಷಾಸ್ನಾನ ಆಯ್ತು, ನನ್ನ ಉಳಿದ ಭಾಗಕ್ಕೆ ಇನ್ನೂ ಹೆಚ್ಚು ಸಮಯ ಹಿಡೀತು ಅಂತ ಬರೆದಿದಾರೆ. ಹಾಗಾಗಿ ತಿಳೀದೆ ಓದೋದು ಕಮ್ಮಿ ಓದು ಅಲ್ಲ, ಈ ಪುಸ್ತಕಗಳು ಬಂದಿದ್ದೇ ಅಂಥ ಓದಿಂದ. ಮಗಳಿಗೆ ಈಗಲೇ ಅಸ್ಲಾನ್ ಯಾರು ಅಂತ ಬಿಡಿಸಿ ಹೇಳೋಕೆ ಹೋಗಬೇಡಿ, ಅವಳೇ ಕೇಳಿದ್ರೆ ಮುಚ್ಚಿಡಲೂ ಬೇಡಿ.

ಕ್ರೈಸ್ತರಲ್ಲದವರು ಅಂತ ನೀವು ಹೇಳಿದ್ದಕ್ಕೆ ಒಂದು ಎಚ್ಚರಿಕೆ, ಒಂದು ಶಿಫಾರಸು, ಎರಡೂ ನಾರ್ನಿಯಾದ ಕೊನೇ ಪುಸ್ತಕ ದ ಲಾಸ್ಟ್ ಬ್ಯಾಟಲ್ ಬಗ್ಗೆ. ಕ್ಯಾಲರ್ಮೆನ್ ಅನ್ನೋ ನಾಡಿನ ಕಪ್ಪುಮೈಬಣ್ಣದ, ರುಮಾಲು ಸುತ್ತಿದ, ಕ್ರೂರ ದೇವತೆಯನ್ನ ಪೂಜಿಸೋ ಜನರನ್ನ ಲೂಯಿಸ್ ಚಿತ್ರಿಸಿರೋ ರೀತಿ ಸರಿಯಿಲ್ಲ, ಪೂರ್ವದೇಶದವರ ಬಗ್ಗೆ ಆ ಕಾಲದ ಇಂಗ್ಲಿಷರಿಗಿದ್ದ ಕೀಳು ಭಾವನೆ ಅಲ್ಲಿ ನೇರವಾಗಿ ಬಂದುಬಿಟ್ಟಿದೆ, ಮಗಳು ಅಲ್ಲಿಗೆ ಬಂದಾಗ ಜೊತೇಲಿ ಕೂತು ಮಾತಾಡಿ. ಸೂಸನ್‌ನ ಕೊನೆಗೆ ನಾರ್ನಿಯಾದಿಂದ ಹೊರಗಿಟ್ಟ ರೀತಿಯೂ ನನಗೆ ನೋವು ತರತ್ತೆ. ಆದ್ರೆ ಅದೇ ಪುಸ್ತಕದಲ್ಲಿ ಎಮೆತ್ ಅನ್ನೋ ಕ್ಯಾಲರ್ಮೆನ್ ಯುವಕ ಬರ್ತಾನೆ, ಜೀವನಪೂರ್ತಿ ಟ್ಯಾಶ್ ಅನ್ನೋ ಬೇರೆ ದೇವರನ್ನ ಪ್ರಾಮಾಣಿಕವಾಗಿ ಹುಡುಕಿದವನು, ಕೊನೆಗೆ ಅಸ್ಲಾನ್ ಎದುರಿಗೆ ನಿಂತು ಇನ್ನು ನಾನು ಸತ್ತೆ ಅಂದುಕೊಳ್ತಾನೆ. ಅಸ್ಲಾನ್ ಬಗ್ಗಿ ಅವನ ಹಣೆಯನ್ನ ನಾಲಿಗೆಯಿಂದ ಮುಟ್ಟಿ ಮಗನೇ ಬಾ ಅಂತಾನೆ. ನಾನು ನಿನ್ನವನಲ್ಲ, ಟ್ಯಾಶ್‌ನ ಸೇವಕ ಅಂತ ಅವನು ಒಪ್ಪಿಕೊಂಡ್ರೆ, ನೀನು ಅವನಿಗೆ ಅಂತ ಮಾಡಿದ ಒಳ್ಳೆ ಸೇವೆಯೆಲ್ಲ ನನಗೇ ಸೇರಿತು ಅಂತಾನೆ. ಇದನ್ನ ಒಪ್ಪದ ಕ್ರೈಸ್ತರು ಬೇಕಾದಷ್ಟು ಜನ ಇದಾರೆ, ಇನ್ನು ಬೇರೆ ಧರ್ಮದವರಿಗೆ, ನಮ್ಮ ಪೂಜೆ ಯಾರಿಗೆ ಸೇರತ್ತೆ ಅಂತ ತೀರ್ಮಾನ ಮಾಡೋಕೆ ಇವರ್ಯಾರು ಅನ್ನಿಸಿದ್ರೂ ತಪ್ಪಿಲ್ಲ. ಎರಡು ಕಡೆಯಿಂದಲೂ ಜಗಳ ಬರೋ ಜಾಗ ಅದು, ಹಾಗಿದ್ರೂ ಲೂಯಿಸ್ ಅದನ್ನ ಬರೆದ್ರು, ಮಕ್ಕಳ ಪುಸ್ತಕದಲ್ಲಿ ಬರೆದ್ರು.

ಓದೋ ಕ್ರಮ ಕೇಳ್ತೀರೇನೋ ಅಂತ ಹೇಳ್ತೀನಿ, ಮಗಳಿಗೆ ದ ಲಯನ್ ದ ವಿಚ್ ಅಂಡ್ ದ ವಾರ್ಡ್‌ರೋಬ್ ಮೊದಲು, ಅದು 1950ರಲ್ಲಿ ಮೊದಲು ಬಂದಿದ್ದು. ಈಗಿನ ಸೆಟ್‌ಗಳಲ್ಲಿ ಮೆಜಿಶಿಯನ್ಸ್ ನೆಫ್ಯೂಗೆ ಒಂದನೇ ನಂಬರ್ ಹಾಕಿರ್ತಾರೆ, ಅದನ್ನ ಆರನೆಯದಾಗಿ ಓದಿಸಿ, ಆಗಲೇ ಡಿಗರಿಯ ಹಣ್ಣಿನ ಮರ ಮುಂದೆ ಏನಾಯ್ತು ಅನ್ನೋದು ಅವಳಿಗೆ ತಾನಾಗೇ ಹೊಳೆಯತ್ತೆ. ನೀವು ಮೂರನೇ ಸಲ ಟೋಲ್ಕೀನ್ ಓದೋದಿದ್ರೆ ಈ ಸಲ ಗಾಲಂ ಬರೋ ಜಾಗಗಳಲ್ಲೆಲ್ಲ ನಿಧಾನ ಮಾಡಿ, ಅವನ ಜೊತೆ ಯಾರು ಹೇಗೆ ಮಾತಾಡ್ತಾರೆ ಅಂತ ಅಷ್ಟನ್ನೇ ನೋಡ್ಕೊಂಡು ಹೋಗಿ.